ಪರದೆ ಸರಿಸಿದವರು

ಇರಾನಿನಲ್ಲಿ ಸೆತಾರ್ ಎಂಬ ವಾದ್ಯವಿದೆ. ಪಾರಸಿಯಲ್ಲಿ ‘ಸೆ’ ಎಂದರೆ ಮೂರು, ‘ತಾರ್’ ಎಂದರೆ ತಂತಿ. ಹೆಸರೇ ಹೇಳುವಂತೆ ಮೂರು ತಂತಿಯ ವಾದ್ಯ. ಆದರೆ ಇವತ್ತು ಯಾವ ಸೆತಾರನ್ನು ಕೈಗೆತ್ತಿಕೊಂಡರೂ ಅದರಲ್ಲಿ ಇರುವುದು ನಾಲ್ಕು ತಂತಿ. ಹೆಚ್ಚಿನ ಆ ಒಂದು ತಂತಿಗೆ ಅಲ್ಲಿಯ ವಾದಕರು ‘ಮುಷ್ತಾಕ್’ ಎಂದೇ ಹೆಸರಿಟ್ಟಿದ್ದಾರೆ. ಅದು ಒಬ್ಬ ಮನುಷ್ಯನ ಹೆಸರು.

ಮುಷ್ತಾಕ್ ಅಲಿ ಶಾ ಹದಿನೆಂಟನೆಯ ಶತಮಾನದ ಒಬ್ಬ ಸೂಫಿ ಫಕೀರ. ಕೆರ್ಮಾನ್ ಪಟ್ಟಣದಲ್ಲಿದ್ದ. ಸೆತಾರ್ ನುಡಿಸುತ್ತಿದ್ದ. ಇದ್ದ ತಂತಿಗಳ ಜೊತೆಗೆ ಇನ್ನೊಂದನ್ನು ಕಟ್ಟಿದವನು ಇವನೇ ಎನ್ನುವುದು ಅಲ್ಲಿಯ ಪರಂಪರೆಯ ಮಾತು. 1790ರ ದಶಕದ ಆರಂಭದಲ್ಲಿ ಅವನ ಮೇಲೆ ಧರ್ಮದ್ರೋಹದ ಆರೋಪ ಬಂತು. ಉದ್ರಿಕ್ತ ಜನ ಅವನನ್ನು ಕಲ್ಲು ಹೊಡೆದು ಕೊಂದರು. ಕೆರ್ಮಾನಿನಲ್ಲಿ ಅವನ ಗೋರಿ ಇದೆ. ಆದರೆ ಅದಕ್ಕಿಂತ ಹೆಚ್ಚು ಜನ ಮುಟ್ಟುವ ಸ್ಮಾರಕ ಆ ನಾಲ್ಕನೆಯ ತಂತಿ. ದಿನವೂ ಶ್ರುತಿ ಮಾಡುವಾಗ ಪ್ರತಿಯೊಬ್ಬ ವಾದಕನೂ ಅದನ್ನೊಮ್ಮೆ ಮೀಟಲೇಬೇಕು.

ಸೆತಾರಿನ ಸೋದರನಂತಿರುವ ‘ತಾರ್’ ಎಂಬ ಚರ್ಮದ ಹೊಟ್ಟೆಯ ವಾದ್ಯಕ್ಕೂ ಇಂಥದೇ ಕತೆ. ಅದಕ್ಕೆ ಐದು ತಂತಿಗಳಿದ್ದವು. ಆರನೆಯದನ್ನು ಸೇರಿಸಿದವರು ದರ್ವೀಶ್ ಖಾನ್. ಇವರು 1926ರ ನವೆಂಬರಿನಲ್ಲಿ ತೆಹರಾನಿನ ಬೀದಿಯಲ್ಲಿ ಕುದುರೆಗಾಡಿಯಲ್ಲಿ ಹೋಗುತ್ತಿದ್ದಾಗ ಮೋಟಾರು ಡಿಕ್ಕಿ ಹೊಡೆದು ತೀರಿಕೊಂಡರು. ಇರಾನಿನಲ್ಲಿ ಮೋಟಾರು ಅಪಘಾತಕ್ಕೆ ಮೊದಲು ಬಲಿಯಾದವರು ಇವರೇ ಎಂದು ಹೇಳುತ್ತಾರೆ. ಹೊಸ ಕಾಲದ ತಂತಿ ಕಟ್ಟಿದವರನ್ನು ಹೊಸ ಕಾಲದ ಗಾಡಿಯೇ ತೆಗೆದುಕೊಂಡು ಹೋಯಿತು.

ಒಂದು ತಂತಿ ಸೇರಿಸುವುದು ಇಷ್ಟು ದೊಡ್ಡ ಸಂಗತಿಯೇ? ಹೌದು. ವಾದ್ಯವೆಂದರೆ ಬರೀ ಮರ, ಚರ್ಮ, ತಂತಿಯಲ್ಲ. ಅದರ ಹಿಂದೆ ಗುರು ಇದ್ದಾನೆ, ಗುರುವಿನ ಗುರು ಇದ್ದಾನೆ. ‘ಹೀಗೇ ಹಿಡಿ, ಹೀಗೇ ಮೀಟು’ ಎಂದು ಹೇಳಿಕೊಟ್ಟ ಪಾಠವಿದೆ. ಅದರಲ್ಲಿ ಬೆರಳಿಟ್ಟು ಬದಲಿಸುವವನಿಗೆ ಕಲ್ಲೇಟು ಬೀಳದಿದ್ದರೂ ಮಾತಿನೇಟಂತೂ ತಪ್ಪಿದ್ದಲ್ಲ.

ಇಪ್ಪತ್ತನೆಯ ಶತಮಾನದಲ್ಲಿ ಇರಾನಿನ ಸಂಗೀತಗಾರರಿಗೆ ಬೇರೊಂದು ತೊಡಕು ಎದುರಾಯಿತು. ಸೆತಾರಿನ ದನಿ ಬಹಳ ಸಣ್ಣದು. ತೋರುಬೆರಳಿನ ಉಗುರಿನಿಂದ ಮೀಟುವ ವಾದ್ಯ ಅದು. ತೆಳ್ಳಗಿನ ಹಿಪ್ಪುನೇರಳೆ ಮರದ ಪುಟ್ಟ ಹೊಟ್ಟೆ, ಉದ್ದನೆಯ ಕತ್ತು. ನಿಲುವಂಗಿಯೊಳಗೆ ಅಡಗಿಸಿಟ್ಟುಕೊಂಡು ಹೋಗಬಹುದಿತ್ತು ಎಂಬ ಮಾತಿದೆ. ನಾಲ್ಕಾರು ಜನ ಕೂತ ಕೋಣೆಗೆ ಅದು ಸಾಕು. ಸಾವಿರ ಜನರ ಸಭಾಭವನಕ್ಕೆ, ಹತ್ತು ಹನ್ನೆರಡು ವಾದ್ಯಗಳ ಮೇಳಕ್ಕೆ ಸಾಲದು. ಕೆಳಗಿನ ಸ್ವರಗಳ ಗಾಂಭೀರ್ಯವೂ ಅದಕ್ಕೆ ಕಡಿಮೆ.

ಹಾಗಾಗಿ ಹುಟ್ಟಿದ್ದು ‘ಶೂರಂಗೀಜ್’. ‘ಶೂರ್’ ಎಂದರೆ ಆವೇಶ, ಉತ್ಕಟತೆ. ಅದನ್ನು ಕೆರಳಿಸುವುದು ಶೂರಂಗೀಜ್. ಶೂರ್ ಎನ್ನುವುದು ಪಾರಸಿ ಸಂಗೀತದ ಒಂದು ಮುಖ್ಯ ದಸ್ತಗಾಹದ, ನಮ್ಮ ಥಾಟಿನಂಥದರ, ಹೆಸರೂ ಹೌದು. ಇಬ್ರಾಹಿಂ ಘನ್ಬರಿ ಮೆಹ್ರ್ ಎಂಬ ಪಿಟೀಲು ಮತ್ತು ದೇಶಿ ವಾದ್ಯಗಳ ಕುಶಲಿಯ ಹೆಸರು ಇದರ ಜೊತೆ ಕೇಳಿಬರುತ್ತದೆ. ಸೆತಾರಿನ ಅಚ್ಚನ್ನೇ ಇಟ್ಟುಕೊಂಡು ಹೊಟ್ಟೆಯನ್ನು ದೊಡ್ಡದು ಮಾಡಿ, ಮೇಲ್ಮೈಯಲ್ಲಿ ಮರದ ಜೊತೆಗೆ ಚರ್ಮವನ್ನೂ ಕೂಡಿಸಿ, ತಂತಿಗಳನ್ನು ಹೆಚ್ಚಿಸಿದರು. ಸೆತಾರಿನ ಮೃದುತ್ವ ಮತ್ತು ತಾರ್‌ನ ಕಸುವು ಒಂದೇ ಕಡೆ ಸಿಗಲಿ ಎಂಬುದು ಆಶಯ.

ಇದನ್ನು ಕೈಗೆತ್ತಿಕೊಂಡವರಲ್ಲಿ ಮುಖ್ಯರು ಹುಸೇನ್ ಅಲಿಜಾದೆ. 1951ರಲ್ಲಿ ಹುಟ್ಟಿದ ಇವರು ಹಳೆಯದನ್ನು ಕಲಿಯದೆ ಹೊಸದಕ್ಕೆ ಹಾರಿದವರಲ್ಲ. 1968ರಲ್ಲಿ ತೆಹರಾನಿನಲ್ಲಿ ಪಾರಂಪರಿಕ ಸಂಗೀತದ ಉಳಿವಿಗೆಂದೇ ಒಂದು ಕೇಂದ್ರ ಸ್ಥಾಪನೆಯಾಯಿತು. ಅಲ್ಲಿ ಹಿರಿಯರ ಮುಂದೆ ಕೂತು ಪಳಗಿದ ತರುಣರಲ್ಲಿ ಅಲಿಜಾದೆಯೂ ಒಬ್ಬರು. ಉಳಿಸುವ ಶಾಲೆಯಿಂದಲೇ ಬದಲಿಸುವವನು ಬಂದ. ಇದು ಆಕಸ್ಮಿಕವಲ್ಲ. ಹಳೆಯ ವಾದ್ಯದ ಮಿತಿ ಎಲ್ಲಿದೆಯೆಂದು ಗೊತ್ತಾಗುವುದು ಅದರ ತುದಿಯವರೆಗೂ ಹೋಗಿ ಬಂದವನಿಗೆ ಮಾತ್ರ.

ಹೆಸರಾಂತ ಗಾಯಕ ಮುಹಮ್ಮದ್ ರೇಜಾ ಶಜರಿಯಾನ್ (1940–2020) ಕೂಡ ಇದೇ ಹಾದಿ ಹಿಡಿದರು. ಹಾಡುಗಾರನಾಗಿ ತಮ್ಮ ಕಂಠಕ್ಕೆ ಬೇಕಾದ ಸಾಥ್ ಇದ್ದ ವಾದ್ಯಗಳಲ್ಲಿ ಸಾಲದೆನಿಸಿದಾಗ ತಾವೇ ಉಳಿ ಹಿಡಿದರು. ಹತ್ತಕ್ಕೂ ಹೆಚ್ಚು ವಾದ್ಯಗಳನ್ನು ರೂಪಿಸಿ 2011ರಲ್ಲಿ ತೆಹರಾನಿನಲ್ಲಿ ಪ್ರದರ್ಶನಕ್ಕಿಟ್ಟರು. ಒಂದರ ಹೆಸರು ಸಾಗರ್, ಅಂದರೆ ಬಟ್ಟಲು. ಇನ್ನೊಂದು ಸುರಾಹಿ. ಈ ಶಬ್ದಕ್ಕೆ ಕನ್ನಡಿಗರಿಗೆ ಅರ್ಥ ಹೇಳಬೇಕಾಗಿಲ್ಲ. ಬೇಸಿಗೆಯಲ್ಲಿ ನೀರು ತಣ್ಣಗಿಡುವ ಉದ್ದ ಕತ್ತಿನ ಮಣ್ಣಿನ ಹೂಜಿ ಇಲ್ಲಿ ಎಲ್ಲರಿಗೂ ಪರಿಚಿತ.

ಇದೆಲ್ಲ ನಡೆದದ್ದು ಎಂಥ ವಾತಾವರಣದಲ್ಲಿ ಎನ್ನುವುದನ್ನೂ ಗಮನಿಸಬೇಕು. 1979ರ ಕ್ರಾಂತಿಯ ನಂತರ ಅಲ್ಲಿಯ ಸರಕಾರಿ ದೂರದರ್ಶನ ಸಂಗೀತವನ್ನು ಕೇಳಿಸಿದರೂ ವಾದ್ಯವನ್ನು ತೋರಿಸದ ರೂಢಿಯನ್ನು ಬಹುಕಾಲ ಪಾಲಿಸಿತು. ನಾದ ಕಿವಿಗೆ, ಹೂವಿನ ಚಿತ್ರ ಕಣ್ಣಿಗೆ. ವಾದ್ಯದ ಮುಖ ಕಾಣಿಸದ ನಾಡಿನಲ್ಲಿ ವಾದ್ಯಕ್ಕೆ ಹೊಸ ಮುಖ ಕೊಡಲು ಕೆಲವರು ಕೂತರು.

*

ಇರಾನಿನ ಈ ಸುದ್ದಿಗೂ ಭಟ್ಕಳ, ಹೊನ್ನಾವರ, ಕುಮಟೆಗಳಿಗೂ ಎತ್ತಣಿಂದೆತ್ತ ಸಂಬಂಧ? ದಿನವೂ ಬಾಯಲ್ಲಿ ಆಡುವ ‘ಬಂದರು’ ಎಂಬ ಶಬ್ದದಿಂದಲೇ ಶುರು ಮಾಡಬಹುದು. ಅದು ಪಾರಸಿಯ ‘ಬಂದರ್’. ಮೀನು ಬಂತೇ ಎಂದು ಬಂದರಿಗೆ ಹೋಗುವ ಕರಾವಳಿಯ ಹೆಂಗಸು ತನಗರಿವಿಲ್ಲದೆ ಇರಾನಿನ ಮಾತು ಆಡುತ್ತಾಳೆ.

ವಿಜಯನಗರದ ಸೈನ್ಯಕ್ಕೆ ಬೇಕಾದ ಕುದುರೆಗಳು ಪಾರಸಿ ಕೊಲ್ಲಿಯ ಹೊರ್ಮುಜಿನಿಂದ ಹಡಗೇರಿ ಬಂದು ಭಟ್ಕಳದಲ್ಲಿ ಇಳಿಯುತ್ತಿದ್ದವು. ಹೋಗುವಾಗ ಅದೇ ಹಡಗುಗಳು ಅಕ್ಕಿ, ಸಕ್ಕರೆ, ಕಬ್ಬಿಣ ತುಂಬಿಕೊಳ್ಳುತ್ತಿದ್ದವು. ಹದಿನಾರನೆಯ ಶತಮಾನದ ಪೋರ್ಚುಗೀಸ್ ಬರಹಗಾರ ಬಾರ್ಬೋಸಾ ಇದನ್ನು ಬರೆದಿಟ್ಟಿದ್ದಾನೆ. ಅವನಿಗೂ ಮೊದಲು, 1342ರ ಸುಮಾರಿಗೆ, ಇಬ್ನ್ ಬತೂತಾ ಹೊನ್ನಾವರಕ್ಕೆ ಬಂದಿದ್ದ. ಈ ಊರಿನಲ್ಲಿ ಗಂಡುಮಕ್ಕಳಿಗೆ 23 ಶಾಲೆ, ಹೆಣ್ಣುಮಕ್ಕಳಿಗೆ 13 ಶಾಲೆ ಕಂಡೆನೆಂದು ಬರೆದ. ಅದೇ ಪ್ರವಾಸಿ ಮುಂದೆ ಚೀನಾಕ್ಕೆ ಹೋದಾಗ ಅಲ್ಲಿಯ ಗಾಯಕರು ದೋಣಿಯಲ್ಲಿ ಪಾರಸಿ ಹಾಡು ಹಾಡುವುದನ್ನು ಕೇಳಿದ. ಹಡಗು ಎಲ್ಲೆಲ್ಲಿ ಹೋಯಿತೋ ಅಲ್ಲೆಲ್ಲ ಆ ಭಾಷೆಯ ಹಾಡೂ ಹೋಗುತ್ತಿದ್ದ ಕಾಲವದು. ಹಿರಾತಿನ ಶಾರೂಖ್ ದೊರೆಯ ರಾಯಭಾರಿ ಅಬ್ದುರ್ ರಜಾಕ್ 1443ರಲ್ಲಿ ವಿಜಯನಗರದ ಮಹಾನವಮಿಯನ್ನೂ ಅದರ ಗಾಯಕಿಯರನ್ನೂ ಕಂಡು ಬೆರಗಾಗಿ, ಮರುವರ್ಷ ತನ್ನ ನಾಡಿಗೆ ಹಡಗು ಹತ್ತಿದ್ದು ಹೊನ್ನಾವರದಿಂದಲೇ. ಇವತ್ತಿಗೂ ಭಟ್ಕಳದ ನವಾಯತರು ಮನೆಯಲ್ಲಿ ಆಡುವ ನವಾಯತಿ ಭಾಷೆ ಕೊಂಕಣಿಯ ಒಡಲಿನದು. ಅದರಲ್ಲಿ ಅರಬಿ, ಪಾರಸಿ ಶಬ್ದಗಳು ಬೆರೆತಿವೆ, ಬರೆಯುವುದು ಪಾರಸಿ ಲಿಪಿಯಲ್ಲಿ.

ಕರ್ನಾಟಕದಲ್ಲಿ ಪಾರಸಿ ಬಗೆಯ ತಂತಿವಾದ್ಯ ಅರಸನ ತೊಡೆಯೇರಿ ಕೂತದ್ದು ಘಟ್ಟದ ಮೇಲೆ, ಬಿಜಾಪುರದಲ್ಲಿ. 1580ರಿಂದ 1627ರವರೆಗೆ ಆಳಿದ ಎರಡನೆಯ ಇಬ್ರಾಹಿಂ ಆದಿಲ್‌ಶಾಹನ ತಂಬೂರಕ್ಕೆ ‘ಮೋತಿ ಖಾನ್’ ಎಂದು ಹೆಸರಿತ್ತು. ಆನೆಗೆ, ಕುದುರೆಗೆ ಹೆಸರಿಡುವ ಅರಸರು ಬೇಕಾದಷ್ಟಿದ್ದರು. ವಾದ್ಯಕ್ಕೆ ಮನುಷ್ಯನ ಹೆಸರಿಟ್ಟು ಮುದ್ದು ಮಾಡಿದವನು ಇವನು. ಸರಸ್ವತಿಯನ್ನೂ ಗಣಪತಿಯನ್ನೂ ನೆನೆದು ‘ಕಿತಾಬ್-ಎ-ನೌರಸ್’ ಎಂಬ ಗೀತಗಳ ಹೊತ್ತಿಗೆ ರಚಿಸಿದ ಈ ಅರಸನನ್ನು ಜನ ‘ಜಗದ್ಗುರು’ ಎಂದರು. ಅವನು ತಂಬೂರ ನುಡಿಸುತ್ತಿರುವ ಚಿತ್ರವೊಂದನ್ನು ಆಸ್ಥಾನದ ಚಿತ್ರಕಾರ ಫರೂಕ್ ಬೇಗ್ ಬರೆದಿದ್ದಾನೆ. ಅದು ಈಗ ಇರುವುದು ಪ್ರಾಗ್ ನಗರದಲ್ಲಿ.

ಇನ್ನು ನಮ್ಮ ಸಿತಾರ. ಅದನ್ನು ಅಮೀರ್ ಖುಸ್ರೋ ಕಂಡುಹಿಡಿದನೆಂಬ ಕತೆ ಶಾಲೆಯ ಪುಸ್ತಕಗಳವರೆಗೂ ಹರಡಿದೆ. ಸಂಶೋಧಕರು ಇದನ್ನು ಒಪ್ಪುವುದಿಲ್ಲ. ಖುಸ್ರೋ ಇದ್ದದ್ದು ಹದಿಮೂರು–ಹದಿನಾಲ್ಕನೆಯ ಶತಮಾನದಲ್ಲಿ. ಸಿತಾರದ ಹೆಸರು ದಿಲ್ಲಿಯಲ್ಲಿ ಕೇಳಿಸತೊಡಗಿದ್ದು ಹದಿನೆಂಟನೆಯ ಶತಮಾನದಲ್ಲಿ. ಆಗ ಖುಸ್ರೋ ಖಾನ್ ಎಂಬ ಇನ್ನೊಬ್ಬ ಸಂಗೀತಗಾರನಿದ್ದ. ಹೆಸರಿನ ಹೋಲಿಕೆಯಿಂದ ಚಿಕ್ಕವನ ಕೆಲಸ ದೊಡ್ಡವನ ಖಾತೆಗೆ ಜಮೆಯಾಯಿತು.

ಪಾರಸಿ ಸೆತಾರಿಗೂ ನಮ್ಮ ಸಿತಾರಕ್ಕೂ ಹೆಸರು ಒಂದೇ ಇದ್ದರೂ ಕೇಳಿದರೆ ಅಜ್ಜ–ಮೊಮ್ಮಗ ಎಂದು ಹೇಳುವುದು ಕಷ್ಟ. ವ್ಯತ್ಯಾಸ ಮಾಡಿದ್ದು ಮೂರು ಸಂಗತಿ. ಒಂದು, ಕುದುರೆ. ತಂತಿ ಹಾಯುವ ಆ ಆಸರೆ ಸೆತಾರಿನಲ್ಲಿ ಸಣ್ಣ ಮರದ ಪಟ್ಟಿ. ಸಿತಾರದಲ್ಲಿ ಅಗಲವಾದ ಎಲುಬಿನ ಪೀಠ. ಅದರ ಮೈಯನ್ನು ಕೂದಲೆಳೆಯಷ್ಟು ಇಳಿಜಾರಾಗಿ ಉಜ್ಜಿದರೆ ತಂತಿ ಅದನ್ನು ಸವರಿಕೊಂಡು ಝೇಂಕರಿಸುತ್ತದೆ. ಇದಕ್ಕೆ ಜವಾರಿ ಎನ್ನುತ್ತಾರೆ. ಉತ್ತರ ಕರ್ನಾಟಕದಲ್ಲಿ ಜವಾರಿ ಎಂದರೆ ನಾಟಿ, ಈ ಮಣ್ಣಿನದು. ಬೇರೆ ಬೇರೆ ಶಬ್ದಗಳಿರಬಹುದು. ಆದರೆ ಪರದೇಶದ ವಾದ್ಯವನ್ನು ಈ ಮಣ್ಣಿನದಾಗಿಸಿದ್ದು ಆ ಝೇಂಕಾರವೇ. ಎರಡನೆಯದು ತರಬು ತಂತಿಗಳು. ಯಾರೂ ಮೀಟದೆ, ಮೇಲಿನ ಸ್ವರಕ್ಕೆ ತಾವೇ ಮಿಡಿಯುವ ಹನ್ನೊಂದೋ ಹದಿಮೂರೋ ಎಳೆ. ಮೂರನೆಯದು ಮೆಟ್ಟಿಲುಗಳು. ಸೆತಾರಿನಲ್ಲಿ ಅವು ಕತ್ತಿಗೆ ಸುತ್ತಿದ ಕರುಳಿನ ದಾರ. ಸಿತಾರದಲ್ಲಿ ಬಾಗಿದ ಲೋಹದ ಕಂಬಿ. ಕಂಬಿ ಬಾಗಿರುವುದರಿಂದ ತಂತಿಯನ್ನು ಪಕ್ಕಕ್ಕೆ ಎಳೆದು ಒಂದೇ ಮೆಟ್ಟಿಲಲ್ಲಿ ನಾಲ್ಕೈದು ಸ್ವರ ಜಾರಿಸಬಹುದು. ಮೀಂಡ್ ಹುಟ್ಟಿದ್ದೇ ಅಲ್ಲಿ.

ಈ ಮೆಟ್ಟಿಲಿಗೆ ಅಲ್ಲಿಯೂ ಇಲ್ಲಿಯೂ ಒಂದೇ ಹೆಸರು: ಪರದೆ. ಕಿಟಕಿಗೆ ಹಾಕುವ ಪರದೆಯೂ ಅದೇ ಶಬ್ದ. ದಾರ, ಕಂಬಿ ಎರಡನ್ನೂ ಹಿಂದೆ ಮುಂದೆ ಸರಿಸಬಹುದು. ರಾಗ ಬದಲಾದರೆ ಪರದೆ ಸರಿಸಬೇಕು. ಇರಾನಿನ ಸಂಗೀತದಲ್ಲಿ ನಮ್ಮ ಶುದ್ಧ, ಕೋಮಲಗಳ ನಡುವೆ ನಿಲ್ಲುವ ಸ್ವರಗಳೂ ಉಂಟು. ಅಲಿ ನಕಿ ವಜೀರಿ ಎಂಬ ವಿದ್ವಾಂಸರು ಅವಕ್ಕೆ ಕೊರೋನ್, ಸೋರಿ ಎಂದು ಹೆಸರು, ಗುರುತು ಕೊಟ್ಟರು. ಸರಿಯುವ ಪರದೆ ಇಲ್ಲದಿದ್ದರೆ ಆ ಸ್ವರಗಳಿಗೆ ಮನೆಯೇ ಇಲ್ಲ.

*

ವಾದ್ಯ ಬೆಳೆಯಬೇಕಾದರೆ ಮಾಡುವ ಕೈ ಬೇಕು. ಮಿರಜಿನ ಶಿಕಲಗಾರರು ಕತ್ತಿ, ಗುರಾಣಿಗೆ ಸಾಣೆ ಹಿಡಿಯುತ್ತಿದ್ದವರು. ಸಂಸ್ಥಾನಗಳ ಯುದ್ಧ ನಿಂತು ಕತ್ತಿಗೆ ಗಿರಾಕಿ ಇಲ್ಲವಾದಾಗ, ಹತ್ತೊಂಬತ್ತನೆಯ ಶತಮಾನದ ನಡುವೆ, ಫರೀದಸಾಹೇಬ ಎಂಬವರು ತಂಬೂರಿ, ಸಿತಾರದ ಕಡೆ ಹೊರಳಿದರು. ಪಂಢರಪುರದ ಸುತ್ತಿನ ಸೋರೆಬುರುಡೆ, ಕತ್ತಿ ಉಜ್ಜಿದ ಕೈ. 2024ರಲ್ಲಿ ಮಿರಜಿನ ಸಿತಾರ, ತಂಬೂರಿಗಳಿಗೆ ಭೌಗೋಳಿಕ ಸೂಚಿಯ ಮನ್ನಣೆ ಸಿಕ್ಕಿತು.

ಇರಾನಿನ ಶೂರಂಗೀಜಿಗೆ ಸರಿಸಮನಾದ ಬದಲಾವಣೆ ನಡೆದದ್ದು ಧಾರವಾಡದ ಮನೆತನದಲ್ಲಿ. ‘ಸಿತಾರ ರತ್ನ’ ರಹಿಮತ್ ಖಾನರು ಬೀನಕಾರ ಬಂದೇ ಅಲಿ ಖಾನರ ಶಿಷ್ಯರು. ಬೀನ್ ಎಂದರೆ ರುದ್ರವೀಣೆ. ಅದರ ಜೀವವೇ ಕೆಳಗಿನ ಸಪ್ತಕ. ಗುರುವಿನ ಬಳಿ ಆ ಆಳವನ್ನು ಕೇಳಿದ ಕಿವಿಗೆ ಅಂದಿನ ಸಿತಾರ ತೆಳುವಾಗಿ ಕೇಳಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಖರ್ಜದ ದಪ್ಪ ತಂತಿಗಳನ್ನು ಅಳವಡಿಸಿ, ತಂತಿಗಳ ಜೋಡಣೆಯನ್ನೇ ಹೊಸದಾಗಿಸಿದ ಕೀರ್ತಿ ರಹಿಮತ್ ಖಾನರದು. ಆಲಾಪದಲ್ಲಿ ಕೆಳಕೆಳಗೆ ಇಳಿದು ನಿಲ್ಲುವ ಅವಕಾಶ ಸಿತಾರಕ್ಕೆ ದೊರಕಿದ್ದು ಹೀಗೆ. ಮನೆತನ ಧಾರವಾಡದಲ್ಲಿ ನೆಲೆಯೂರಿತು. ಮೊಮ್ಮಗ ಬಾಲೇಖಾನ್ (1942–2007) ಕರ್ನಾಟಕದ ಮೂಲೆಮೂಲೆಗೂ ಸಿತಾರವನ್ನು ಮುಟ್ಟಿಸಿದರು. ಅವರ ತಮ್ಮಂದಿರು, ಮಕ್ಕಳು ಅದೇ ಹಾದಿ ಹಿಡಿದರು.

ಧಾರವಾಡಕ್ಕೂ ಕುಮಟೆಗೂ ನಂಟು ಹಳೆಯದು. ಹತ್ತೊಂಬತ್ತನೆಯ ಶತಮಾನದಲ್ಲಿ ಧಾರವಾಡ ಸೀಮೆಯ ಹತ್ತಿ ಎತ್ತಿನಗಾಡಿಗಳಲ್ಲಿ ಘಟ್ಟ ಇಳಿದು ಕುಮಟೆ ಬಂದರಿನಿಂದ ಹೊರಹೋಗುತ್ತಿತ್ತು. ಪರದೇಶದ ಪೇಟೆಯಲ್ಲಿ ಅದಕ್ಕೆ ‘ಕುಮಟೆ ಹತ್ತಿ’ ಎಂದೇ ಹೆಸರು. ಹತ್ತಿಯ ಹಿಂದೆ ಬಹಳ ವರ್ಷದ ನಂತರ ಸಂಗೀತ ಇಳಿಯಿತು. 1950ರ ಜನವರಿಯಲ್ಲಿ ಧಾರವಾಡ ಆಕಾಶವಾಣಿ ಶುರುವಾದ ಮೇಲೆ ಗಾಡಿಯೂ ಬೇಕಾಗಲಿಲ್ಲ. ಅಡಿಕೆ ಸುಲಿಯುತ್ತ ಕೂತವರ ಕಿವಿಗೆ ರೇಡಿಯೋ ಭೀಮಪಲಾಸವನ್ನು ತಂದು ಸುರಿಯಿತು.

*

ಬದಲಾವಣೆಯೆಲ್ಲ ಲಾಭವೇ? ಈ ಪ್ರಶ್ನೆಗೆ ಉತ್ತರ ಹುಡುಕಲು ತೆಹರಾನಿಗೆ ಹೋಗಬೇಕಿಲ್ಲ, ಹೊನ್ನಾವರದ ಯಕ್ಷಗಾನ ರಂಗಸ್ಥಳದ ಎದುರು ಕೂತರೆ ಸಾಕು. ಇದು 1934ರಲ್ಲಿ ಗುಣವಂತೆಯಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು ಮೇಳ ಕಟ್ಟಿದ ಸೀಮೆ. ಬಡಗುತಿಟ್ಟಿನಲ್ಲಿ ಹಿಂದೆ ಭಾಗವತರ ಶ್ರುತಿಗೆ ಪುಂಗಿ ಇತ್ತು. ಒಬ್ಬ ಮನುಷ್ಯ ರಾತ್ರಿಯಿಡೀ ಉಸಿರು ತುಂಬಿ ಊದಬೇಕು. ಆ ಜಾಗಕ್ಕೆ ಹಾರ್ಮೋನಿಯಂ ಬಂತು. ತಿದಿ ಒತ್ತಿದರೆ ಶ್ರುತಿ. ಭಾಗವತರು ತಮ್ಮ ಕಂಠದ ಎತ್ತರವನ್ನು ಹೇಳುವುದೂ ‘ಕಪ್ಪು ಎರಡು’, ‘ಕಪ್ಪು ಮೂರು’ ಎಂದು ಅದರ ಮನೆಗಳ ಲೆಕ್ಕದಲ್ಲೇ ಆಯಿತು. ಆಮೇಲೆ ವಿದ್ಯುತ್ತಿನ ಶ್ರುತಿಪೆಟ್ಟಿಗೆ ಬಂದು ತಿದಿ ಒತ್ತುವ ಕೈಯೂ ಬೇಡವಾಯಿತು.

ಹಾರ್ಮೋನಿಯಮ್ಮಿನಲ್ಲಿ ಪರದೆ ಸರಿಸುವಂತಿಲ್ಲ. ಹನ್ನೆರಡು ಸ್ವರಗಳನ್ನು ಕಾರ್ಖಾನೆ ನಿಲ್ಲಿಸಿದಲ್ಲೇ ನಿಲ್ಲಿಸಬೇಕು. ಎರಡು ಸ್ವರಗಳ ನಡುವಿನ ಓಣಿಯಲ್ಲಿ ಓಡಾಡುವ ಗಮಕ, ಮೀಂಡುಗಳಿಗೆ ಅಲ್ಲಿ ದಾರಿಯಿಲ್ಲ. ಇದೇ ಆಕ್ಷೇಪದಿಂದ 1940ರಲ್ಲಿ ಆಕಾಶವಾಣಿ ಅದನ್ನು ಹೊರಗಿಟ್ಟಿತು. ನಿಷೇಧ ಸಡಿಲವಾಗಲು 1971 ಬರಬೇಕಾಯಿತು. ಆದರೆ ರಂಗಸ್ಥಳದ ಕಷ್ಟ ರೇಡಿಯೋ ಕೋಣೆಯಲ್ಲಿ ಕೂತವರಿಗೆ ತಿಳಿಯುವುದಿಲ್ಲ. ಗದ್ದೆ ಬಯಲಿನ ಇಬ್ಬನಿ, ಗಾಳಿ, ಪಕ್ಕದಲ್ಲಿ ಚಂಡೆಯ ಅಬ್ಬರ, ಬೆಳಗಿನವರೆಗೂ ಆಟ. ಅಲ್ಲಿ ಜಗ್ಗದೆ ನಿಲ್ಲುವ ಒಂದು ಷಡ್ಜ ದೊರಕಿದರೆ ಭಾಗವತನಿಗೆ ಅದೇ ದೊಡ್ಡ ಆಸರೆ. ತೊಂದರೆಯಾದದ್ದು ಶ್ರುತಿ ಕೊಡಲು ಬಂದ ಪೆಟ್ಟಿಗೆ ಹಾಡುವುದನ್ನು ಕಲಿಸಲು ಕೂತಾಗ. ಮನೆಯ ಮೇಲೆ ಬೆರಳಿಟ್ಟು ಪದ್ಯ ಕಲಿತ ಹುಡುಗನಿಗೆ ಮನೆಗಳ ನಡುವೆಯೂ ಸ್ವರ ಇದೆಯೆಂದು ತೋರಿಸುವವರು ಬೇಕು. ಹಳೆಯ ಮಟ್ಟುಗಳ ಸೊಗಸು ಇರುವುದು ಬಹುಪಾಲು ಅಲ್ಲೇ.

ಮುಷ್ತಾಕ್, ದರ್ವೀಶ್ ಖಾನ್, ರಹಿಮತ್ ಖಾನ್ ಮಾಡಿದ್ದಕ್ಕೂ ಇದಕ್ಕೂ ಇರುವ ಅಂತರ ಈಗ ಕಾಣುತ್ತದೆ. ಅವರು ಸೇರಿಸಿದ ತಂತಿ ವಾದಕನ ಕೆಲಸವನ್ನು ಹೆಚ್ಚಿಸಿತು. ಹೊಸ ತಂತಿಗೆ ಹೊಸ ಅಭ್ಯಾಸ ಬೇಕಾಯಿತು, ಬೆರಳು ಇನ್ನಷ್ಟು ನೋಯಬೇಕಾಯಿತು. ಶ್ರುತಿಪೆಟ್ಟಿಗೆ ಕೆಲಸವನ್ನು ಇಳಿಸಿತು. ಇಳಿಸಿದ್ದು ತಪ್ಪಲ್ಲ, ಉಳಿದ ಬಿಡುವಿನಲ್ಲಿ ಕಂಠ ಏನು ಮಾಡಿತು ಎಂಬುದು ಪ್ರಶ್ನೆ.

ಅಫಘಾನಿನ ರಬಾಬಿಗೆ ಲೋಹದ ಹಲಗೆ, ಲೋಹದ ತಂತಿ ಹಾಕಿ ಸರೋದ್ ಮಾಡಿದರು. ಅದರಲ್ಲಿ ಪರದೆಯೇ ಇಲ್ಲ, ಎಲ್ಲ ಸ್ವರವನ್ನೂ ಉಗುರೇ ಹುಡುಕಬೇಕು. ಕರ್ನಾಟಕದಲ್ಲಿ ರಾಜೀವ ತಾರಾನಾಥರು (1932–2024) ಜೀವನವಿಡೀ ಆ ಹುಡುಕಾಟ ಮಾಡಿದರು. ವಾದ್ಯ ಬದಲಾದರೂ ಸಂಗೀತ ಉಳಿಯುವುದು ಇಂಥ ಕೈಗಳಿಂದ.

ಶೂರಂಗೀಜ್, ಸಾಗರ್, ಸುರಾಹಿಗಳ ಭವಿಷ್ಯವನ್ನು ನಿರ್ಧರಿಸುವುದೂ ಮರವಲ್ಲ, ಮೆರುಗಲ್ಲ. ಮಾಡಿದವರು ಹೋದ ಮೇಲೂ ಅದನ್ನು ಎತ್ತಿಕೊಳ್ಳುವ ಶಿಷ್ಯರಿದ್ದಾರೆಯೇ ಎಂಬುದಷ್ಟೇ. ಮುಷ್ತಾಕನಿಗೆ ಇದ್ದರು. ಅವರಿಗೆ ವಾದ್ಯದ ಹೆಸರು ಬದಲಿಸಬೇಕೆಂದು ಅನಿಸಲಿಲ್ಲ. ನಾಲ್ಕು ತಂತಿ ಕಟ್ಟಿಕೊಂಡು ಅದನ್ನು ‘ಮೂರು ತಂತಿ’ ಎಂದೇ ಕರೆದರು. ಇಲ್ಲಿ ನಾವು ಹದಿನೆಂಟು ಇಪ್ಪತ್ತು ತಂತಿ ಬಿಗಿದು ಈಗಲೂ ಸಿತಾರ ಎನ್ನುತ್ತೇವೆ.